ನಿವೃತ್ತಿಯಾದರೂ ಬೆನ್ನು ಬಿಡದ ಅಮಾನತು

ಅಮಾನತು ಎಂದರೆ ನೌಕರನನ್ನು ಕುರ್ಚಿಯಿಂದ ದೂರ ಇಡುವುದು. 60 ತುಂಬಿ ಕುರ್ಚಿಯೇ ಹೋದ ಮೇಲೆ ಆ ಆದೇಶದ ವಿರುದ್ಧ ಕೋರ್ಟಿಗೆ ಹೋಗುವುದೇಕೆ? ಕುಷ್ಟಗಿಯ ಪಿಡಿಒ ಇರಲಿ, ಯಲಬುರ್ಗಾದ ಮುಖ್ಯಶಿಕ್ಷಕರಿರಲಿ, ಸಸ್ಪೆಂಡ್ ಆಗಿದ್ದಾಗಲೇ ನಿವೃತ್ತರಾದವರ ಉತ್ತರ ಒಂದೇ: ಪಿಂಚಣಿ.

ಆದೇಶದ ಬೇರು

ರಾಜ್ಯ ಸರ್ಕಾರಿ ನೌಕರರ ಅಮಾನತಿಗೆ ಆಧಾರ 1957ರ ಸಿಸಿಎ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳ 10ನೇ ನಿಯಮ. ಇದು ದಂಡನೆಯಲ್ಲ, ವಿಚಾರಣೆಗಾಗಿ ಮಾಡುವ ತಾತ್ಕಾಲಿಕ ವ್ಯವಸ್ಥೆ. 48 ಗಂಟೆ ಮೀರಿ ಬಂಧನದಲ್ಲಿದ್ದರೆ ಅಮಾನತಾದಂತೆಯೇ ಲೆಕ್ಕ. ಈ ಅವಧಿಯಲ್ಲಿ ಜೀವನಾಧಾರ ಭತ್ಯೆ ಕೊಡಲೇಬೇಕು. ಕೋಲಾರ ಚಿನ್ನದ ಗಣಿಯ ಭದ್ರತಾ ಅಧಿಕಾರಿ ಪಾಲ್ ಆಂಥೋನಿ ಅವರಿಗೆ ಅದನ್ನು ಕೊಡದೆ, ಅವರ ಗೈರುಹಾಜರಿಯಲ್ಲಿ ನಡೆಸಿದ ವಿಚಾರಣೆಯನ್ನು ಸುಪ್ರೀಂ ಕೋರ್ಟ್ 1999ರಲ್ಲಿ ಒಪ್ಪಲಿಲ್ಲ.

ಕೊನೆಯ ದಿನದ ಜಗಳ

ನಿವೃತ್ತಿಯಾದ ಮೇಲೆ ಹೊಸದಾಗಿ ಅಮಾನತು ಮಾಡಲು ಬರುವುದಿಲ್ಲ. ಆದರೆ ಕೊನೆಯ ವಾರದಲ್ಲಿ ಹೊರಟ ಆದೇಶ ಕೈಗೆ ತಡವಾಗಿ ಸಿಕ್ಕಿದರೆ? ಪಂಜಾಬಿನ ಖೇಮಿ ರಾಮ್ ಪ್ರಕರಣದಲ್ಲಿ 1958ರ ಆಗಸ್ಟಿನ ನಿವೃತ್ತಿಗೆ ತುಸು ಮುಂಚೆ ತಂತಿ ಸಂದೇಶ ಹೋಗಿತ್ತು. ಅಧಿಕಾರಿಯ ಕೈಬಿಟ್ಟು ಹೊರಟರೆ ಸಾಕು, ಆದೇಶ ಜಾರಿಯಾದಂತೆ ಎಂದಿತು ಸುಪ್ರೀಂ ಕೋರ್ಟ್. ಹಾಗಾಗಿ ರವಾನೆ ವಹಿಯ ನಮೂದು, ಅಂಚೆ ಮುದ್ರೆಯ ತಾರೀಖುಗಳೇ ಇಂಥ ಮೊಕದ್ದಮೆಯ ಜೀವಾಳ.

ಆಟವೆಲ್ಲ 214ರಲ್ಲಿ

ಕರ್ನಾಟಕ ನಾಗರಿಕ ಸೇವಾ ನಿಯಮಗಳ 214ನೇ ನಿಯಮದ ಪ್ರಕಾರ, ಸೇವೆಯಲ್ಲಿದ್ದಾಗ ಶುರುವಾದ ಇಲಾಖಾ ವಿಚಾರಣೆ ನಿವೃತ್ತಿಯ ನಂತರವೂ ಮುಂದುವರಿಯಬಹುದು. ಹೊಸದಾಗಿ ಶುರು ಮಾಡಬೇಕಾದರೆ ಸರ್ಕಾರದ ಮಂಜೂರಾತಿ ಬೇಕು, ಘಟನೆ ನಾಲ್ಕು ವರ್ಷಕ್ಕಿಂತ ಹಳೆಯದಾಗಿರಬಾರದು. ವಿಚಾರಣೆ ಶುರುವಾಗುವುದು ಯಾವಾಗ? ದೋಷಾರೋಪಣಾ ಪಟ್ಟಿ ಕೊಟ್ಟ ದಿನ. ಅದಕ್ಕೂ ಮೊದಲೇ ಅಮಾನತಾಗಿದ್ದರೆ ಅಮಾನತಿನ ದಿನ.

2018ರ ಬಿಲ್ಲೊಂದರ ಬಗ್ಗೆ 2021ರಲ್ಲಿ ಸಸ್ಪೆಂಡ್ ಮಾಡಿ, ನಿವೃತ್ತಿಯ ನಂತರ 2023ರಲ್ಲಿ ದೋಷಾರೋಪಣಾ ಪಟ್ಟಿ ಕೊಟ್ಟರು ಎನ್ನಿ. ವಿಚಾರಣೆ 2021ರಲ್ಲೇ ಶುರುವಾದಂತೆ. ನಾಲ್ಕು ವರ್ಷದ ಗಡಿ ನೌಕರನ ನೆರವಿಗೆ ಬರುವುದಿಲ್ಲ. ಅಮಾನತು ಆದೇಶವೇ ಮೂಲದಲ್ಲಿ ಅಸಿಂಧು ಎಂದು ಬಿದ್ದುಹೋದರೆ ಮಾತ್ರ, ಹಳೆಯ ಘಟನೆಗೆ ಹೊಸ ವಿಚಾರಣೆ ಸಲ್ಲದು ಎಂಬ ವಾದಕ್ಕೆ ಬಲ ಬರುತ್ತದೆ. ನಿವೃತ್ತಿಯ ನಂತರವೂ ಆ ಆದೇಶವನ್ನು ಪ್ರಶ್ನಿಸುವುದಕ್ಕೆ ನನಗೆ ಕಾಣುವ ಗಟ್ಟಿ ಕಾರಣ ಇದೊಂದೇ. ‘ಅಮಾನತು ರದ್ದು ಮಾಡಿ’ ಎಂದಷ್ಟೇ ಬರೆದ ಅರ್ಜಿ, ನಿವೃತ್ತಿಯಿಂದಾಗಿ ನಿಷ್ಫಲ ಎಂದು ವಜಾ ಆಗಬಹುದು. ಅಮಾನತಿನ ಅವಧಿಯನ್ನು ಕರ್ತವ್ಯವೆಂದು ಪರಿಗಣಿಸಿ, ಬಾಕಿ ವೇತನ ಕೊಡಿ ಎಂದೂ ಕೇಳಬೇಕು.

ವಿಚಾರಣೆ ಮುಗಿಯುವವರೆಗೆ ತಾತ್ಕಾಲಿಕ ಪಿಂಚಣಿ ಸಿಗುತ್ತದೆ, ಉಪದಾನ ಸಿಗುವುದಿಲ್ಲ. ನಿಯಮದ ಆಧಾರವಿಲ್ಲದೆ ಪಿಂಚಣಿ ಹಿಡಿಯುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 2013ರ ಜಾರ್ಖಂಡ್ ಪ್ರಕರಣದಲ್ಲಿ ಹೇಳಿದ್ದು ನಿಜ. ಆದರೆ ನಮ್ಮಲ್ಲಿ ನಿಯಮವಿದೆ. ಆ ತೀರ್ಪನ್ನು ಹಿಡಿದು ಓಡಾಡುವವರು ಇದನ್ನು ಮರೆಯುತ್ತಾರೆ. 2015ರ ಅಜಯ್ ಕುಮಾರ್ ಚೌಧರಿ ತೀರ್ಪು ಹೆಚ್ಚು ಉಪಯೋಗಕ್ಕೆ ಬಂದೀತು: ಮೂರು ತಿಂಗಳೊಳಗೆ ದೋಷಾರೋಪಣಾ ಪಟ್ಟಿ ಕೊಡದಿದ್ದರೆ ಅಮಾನತು ಮುಂದುವರಿಯಬಾರದು.

ಯಾವ ಬಾಗಿಲು

ಸರ್ಕಾರಿ ನೌಕರರು ಮೊದಲು ಹೋಗಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಅದಕ್ಕೆ ಬೆಂಗಳೂರಲ್ಲದೆ ಬೆಳಗಾವಿ, ಕಲಬುರಗಿಯಲ್ಲೂ ಪೀಠಗಳಿವೆ. ಅಂತಿಮ ಆದೇಶದಿಂದ ಒಂದು ವರ್ಷದ ಗಡುವು. ಅಲ್ಲಿ ಸೋತರೆ ಹೈಕೋರ್ಟ್. ಕುಷ್ಟಗಿ, ಯಲಬುರ್ಗಾ ಇರುವ ಕೊಪ್ಪಳ ಜಿಲ್ಲೆ ಕಲ್ಯಾಣ ಕರ್ನಾಟಕದ್ದಾದರೂ ಹೈಕೋರ್ಟಿನ ಲೆಕ್ಕದಲ್ಲಿ ಕಲಬುರಗಿಗಲ್ಲ, ಧಾರವಾಡ ಪೀಠಕ್ಕೆ ಸೇರುತ್ತದೆ.

ನಿಗಮ, ಮಂಡಳಿಗಳ ನೌಕರರಿಗೆ ಅವರವರ ಸೇವಾ ನಿಯಮಾವಳಿಯೇ ಮುಖ್ಯ. ನಿವೃತ್ತಿಯ ನಂತರ ವಿಚಾರಣೆ ಮುಂದುವರಿಸುವ ಅವಕಾಶ ಅದರಲ್ಲಿ ಇಲ್ಲದಿದ್ದರೆ ವಿಚಾರಣೆ ಅಲ್ಲಿಗೇ ಮುಗಿಯುತ್ತದೆ, ಪೂರ್ತಿ ನಿವೃತ್ತಿ ಸೌಲಭ್ಯ ಕೊಡಬೇಕಾಗುತ್ತದೆ ಎಂದು ಒಡಿಶಾದ ಭಾಗೀರಥಿ ಜೇನಾ ಪ್ರಕರಣದಲ್ಲಿ 1999ರಲ್ಲೇ ತೀರ್ಮಾನವಾಗಿದೆ.