ಕಂಠೀರವ

ಇಂದಿನ ಪೈಲ್ವಾನರಿಗೂ ನಟರಿಗೂ ‘ಟೈಗರ್’, ‘ರೆಬೆಲ್’ ಎಂಬ ಬಿರುದುಗಳು ಸಲೀಸಾಗಿ ಸಿಗುತ್ತವೆ. ಅವಕ್ಕಿಂತ ಬಹಳ ಹಳೆಯದು ‘ಕಂಠೀರವ’. ಕಂಠ ಎಂದರೆ ಕೊರಳು, ರವ ಎಂದರೆ ದನಿ. ಕೊರಳಲ್ಲಿ ಗರ್ಜನೆ ಹೊತ್ತದ್ದು ಕಂಠೀರವ, ಅಂದರೆ ಸಿಂಹ. ‘ಕೇಸರಿ’ ಎಂಬ ಹೆಸರು ಅದೇ ಪ್ರಾಣಿಗೆ ಕೇಸರದಿಂದ, ಅಂದರೆ ಜೂಲಿನಿಂದ ಬಂತು. ಒಂದು ನೋಟದ ಹೆಸರು, ಇನ್ನೊಂದು ಸದ್ದಿನ ಹೆಸರು. ಹೆದರಿಸಲು ಸದ್ದೇ ಮೇಲು ಎಂದು ನನ್ನ ಎಣಿಕೆ.

1638ರಲ್ಲಿ ಮೈಸೂರಿನ ಪಟ್ಟವೇರಿದ ನರಸರಾಜ ಒಡೆಯರ ಬಿರುದು ‘ರಣಧೀರ ಕಂಠೀರವ’. ‘ನರಸ’ ಎಂದರೆ ನರಸಿಂಹನೇ; ಹೆಸರಿನಲ್ಲೇ ಸಿಂಹ ಇದ್ದವರಿಗೆ ಮತ್ತೊಂದು ಸಿಂಹ! ಅವರು ವೇಷ ಮರೆಸಿಕೊಂಡು ತಿರುಚಿನಾಪಳ್ಳಿಗೆ ಹೋಗಿ ಅಲ್ಲಿಯ ಜಟ್ಟಿಯನ್ನು ಕೆಡವಿದರೆಂಬ ಕಥೆ ಇಂದಿಗೂ ಚಾಲ್ತಿಯಲ್ಲಿದೆ. ಬಿರುದು ನಾಣ್ಯಕ್ಕೂ ಇಳಿಯಿತು. ಅವರು ಅಚ್ಚು ಹಾಕಿಸಿದ ಪುಟ್ಟ ಚಿನ್ನದ ಹಣಕ್ಕೆ ‘ಕಂಠೀರಾಯ ಹಣ’ ಎಂದೇ ಹೆಸರು. ಜನರ ನಾಲಿಗೆಯಲ್ಲಿ ‘ರವ’ ಹೋಗಿ ‘ರಾಯ’ ಆಯಿತು. ಗರ್ಜನೆ ಅಡಗಿ ದೊರೆ ಉಳಿದ. ಮುಂದೆ ಮೈಸೂರಿನ ದಿವಾನರಾದ ಪೂರ್ಣಯ್ಯನವರ ಕಾಲದ ಲೆಕ್ಕಪತ್ರಗಳಲ್ಲೂ ಕಂಠೀರಾಯಿ ವರಹ ಕಾಣುತ್ತದೆ.

1960ರಲ್ಲಿ ರಾಜ್‌ಕುಮಾರ್ ‘ರಣಧೀರ ಕಂಠೀರವ’ನಾಗಿ ತೆರೆಗೆ ಬಂದ ಮೇಲೆ ಪದ ಮನೆಮನೆಯ ಮಾತಾಯಿತು. ಬೆಂಗಳೂರಿನಲ್ಲಿ ಕ್ರೀಡಾಂಗಣಕ್ಕೂ ಸ್ಟುಡಿಯೋಕ್ಕೂ ಈಗ ಇದೇ ಹೆಸರು. ಫುಟ್‌ಬಾಲ್ ನೋಡಲು ‘ಕಂಟೀರವಕ್ಕೆ’ ಹೊರಟವರಲ್ಲಿ ಒಂದು ಬಿನ್ನಹ: ಒಳಗಿರುವುದು ಕಂಠ, ಮಹಾಪ್ರಾಣ ಬಿಡಬೇಡಿ.