ಪಾಲು ಮತ್ತು ತವರು: ಎಡದೊರೆ ನಾಡಿನ ಕುಟುಂಬ ಜೀವನದ ಸ್ಥಿತ್ಯಂತರ

ಕೃಷ್ಣಾ ಮತ್ತು ತುಂಗಭದ್ರಾ ನದಿಗಳ ನಡುವಿನ ಎಡದೊರೆ ನಾಡಿನ ಚರಿತ್ರೆಯನ್ನು ಬಹುಮಟ್ಟಿಗೆ ಕೋಟೆ ಮತ್ತು ಕದನಗಳ ಚರಿತ್ರೆಯಾಗಿಯೇ ಬರೆಯಲಾಗಿದೆ. 1294ರ ಶಾಸನವುಳ್ಳ ರಾಯಚೂರು ಕೋಟೆಗೂ 1520ರ ಯುದ್ಧಕ್ಕೂ ದೊರೆತಿರುವ ಗಮನ ಈ ನಾಡಿನ ಮನೆಗಳಿಗೆ ದೊರೆತಿಲ್ಲ. ಅವಿಭಕ್ತ ಕುಟುಂಬಗಳು ಒಡೆಯಲು ಹೊಸ ವಿದ್ಯಾಭ್ಯಾಸ ಮತ್ತು ನಗರದ ಆಕರ್ಷಣೆಯೇ ಕಾರಣವೆಂಬ ಅಭಿಪ್ರಾಯ ಪ್ರಚಲಿತವಾಗಿದೆ. ಮಾನ್ವಿ, ದೇವದುರ್ಗ ಮತ್ತು ರಾಯಚೂರು ನಗರವನ್ನು ಒಟ್ಟಿಗೆ ಇಟ್ಟು ನೋಡಿದಾಗ ಈ ಅಭಿಪ್ರಾಯ ಅಪೂರ್ಣವೆಂಬುದು ಸ್ಪಷ್ಟವಾಗುತ್ತದೆ. ಇಲ್ಲಿ ಮನೆಯ ಸ್ವರೂಪವನ್ನು ನಿರ್ಧರಿಸಿದ್ದು ಮುಖ್ಯವಾಗಿ ನೀರು ಮತ್ತು ಭೂಮಿ.

ಮಳೆಯನ್ನೇ ನಂಬಿದ ಎರೆಭೂಮಿಯಲ್ಲಿ ಜೋಳ, ಸಜ್ಜೆ, ಹತ್ತಿ ಬೆಳೆಯುವ ಕುಟುಂಬಕ್ಕೆ ಆಳುಗಳ ಬಲವೇ ಆಧಾರವಾಗಿತ್ತು. ಅಣ್ಣತಮ್ಮಂದಿರು ಒಂದೇ ಒಲೆಯಲ್ಲಿ ಉಣ್ಣುತ್ತಿದ್ದುದರಲ್ಲಿ ಪ್ರೀತಿಯಷ್ಟೇ ಅಗತ್ಯವೂ ಇತ್ತು. ಅಕ್ಕನ ಮಗಳನ್ನು ತಂದುಕೊಳ್ಳುವ ಸೋದರಿಕೆಯ ಮದುವೆ ಸಂಬಂಧದ ಜೊತೆಗೆ ಆಸ್ತಿಯನ್ನೂ ಬಳಗದೊಳಗೆ ಉಳಿಸುತ್ತಿತ್ತು. ಹೊಲದಲ್ಲಿ ಪಾಲಿಲ್ಲದ ಹೆಣ್ಣುಮಗಳಿಗೆ ಪಂಚಮಿಯ ಕರೆ, ಚೊಚ್ಚಲ ಬಾಣಂತನ, ಸೀರೆ-ಕುಪ್ಪಸ, ಉಡಿ ತುಂಬುವಿಕೆಗಳೇ ತವರಿನ ಹಕ್ಕುಗಳಾಗಿದ್ದವು.

1948ರಲ್ಲಿ ನಿಜಾಮರ ಆಳ್ವಿಕೆ ಕೊನೆಗೊಂಡಿತು. ಮರುವರ್ಷ ಜಹಗೀರುಗಳು ರದ್ದಾದವು. 1956ರಲ್ಲಿ ಈ ಪ್ರದೇಶ ಮೈಸೂರು ರಾಜ್ಯವನ್ನು ಸೇರಿತು. ಈ ನಡುವೆ, 1953ರಲ್ಲಿ, ತುಂಗಭದ್ರಾ ಜಲಾಶಯದಿಂದ ಕಾಲುವೆಗಳಿಗೆ ನೀರು ಹರಿಯತೊಡಗಿತು. ಎಡದಂಡೆ ಕಾಲುವೆಯ ನೀರು ತಲುಪಿದ ಮಾನ್ವಿ ಸೀಮೆಯ ಊರುಗಳಲ್ಲಿ ಜೋಳದ ಹೊಲಗಳು ಭತ್ತದ ಗದ್ದೆಗಳಾದವು. ಆಂಧ್ರದಿಂದ ಬಂದ ರೈತರು ‘ಕ್ಯಾಂಪು’ಗಳನ್ನು ಕಟ್ಟಿಕೊಂಡರು. ರೊಟ್ಟಿಯ ಊಟದ ಜೊತೆಗೆ ಅನ್ನವೂ ನಿತ್ಯದ ಆಹಾರವಾಯಿತು. ಭೂಮಿಗೆ ಬೆಲೆ ಬಂದಂತೆ ಪಾಲಿನ ಪ್ರಶ್ನೆಯೂ ತೀವ್ರಗೊಂಡು, ಒಲೆಗಳು ಬೇರೆಯಾದವು.

ದೇವದುರ್ಗದ ಅನುಭವ ಇದಕ್ಕಿಂತ ಭಿನ್ನವಾದುದು. ಕೃಷ್ಣೆಯ ದಂಡೆಯಲ್ಲಿದ್ದರೂ ತಾಲ್ಲೂಕಿನ ಬಹುಭಾಗ ಮಳೆಯಾಶ್ರಿತವಾಗಿಯೇ ಉಳಿದಿತ್ತು. ನಾರಾಯಣಪುರ ಬಲದಂಡೆ ಕಾಲುವೆಯ ನೀರು ಮಾನ್ವಿಗಿಂತ ದಶಕಗಳಷ್ಟು ತಡವಾಗಿ, ಅದೂ ಕೆಲವು ಭಾಗಗಳಿಗಷ್ಟೇ, ಬಂದಿತು. ಬರಗಾಲದಲ್ಲಿ ಇಲ್ಲಿನ ಕುಟುಂಬಗಳನ್ನು ಬೇರ್ಪಡಿಸಿದ್ದು ಪಾಲುದಾರಿಕೆಯಲ್ಲ, ಗುಳೆ. ದುಡಿಯುವ ಗಂಡಹೆಂಡಿರು ಬೆಂಗಳೂರಿನಂತಹ ನಗರಗಳ ಕಟ್ಟಡದ ಕೆಲಸಕ್ಕೆ ಹೋದಾಗ ಅಜ್ಜಿ ಮತ್ತು ಮೊಮ್ಮಕ್ಕಳು ಊರಲ್ಲಿ ಉಳಿಯುತ್ತಾರೆ. ಹೊರನೋಟಕ್ಕೆ ಅವಿಭಕ್ತವೆನಿಸುವ ಇಂತಹ ಮನೆಯಲ್ಲಿ ನಡುವಿನ ತಲೆಮಾರೇ ಇರುವುದಿಲ್ಲ.

ಮುಂಬಯಿ ಮತ್ತು ಮದರಾಸಿನ ಕಡೆಯ ರೈಲುಮಾರ್ಗಗಳು 1871ರಲ್ಲಿ ರಾಯಚೂರಿನಲ್ಲಿ ಕೂಡಿದಂದಿನಿಂದ ನಗರವು ವ್ಯಾಪಾರದ ಕೇಂದ್ರವಾಗಿ ಬೆಳೆಯಿತು. ಹತ್ತಿಯ ಮಾರುಕಟ್ಟೆ, ಅಕ್ಕಿ ಗಿರಣಿಗಳು, 1985ರಲ್ಲಿ ಸಮೀಪದ ಶಕ್ತಿನಗರದಲ್ಲಿ ಆರಂಭವಾದ ಶಾಖೋತ್ಪನ್ನ ವಿದ್ಯುತ್ ಕೇಂದ್ರ ಇವೆಲ್ಲ ತಿಂಗಳ ಸಂಬಳದ ಸಣ್ಣ ಕುಟುಂಬಗಳಿಗೆ ಎಡೆಮಾಡಿಕೊಟ್ಟವು. ಆದರೂ ಊರಿನ ಪಹಣಿಯಲ್ಲಿ ಅವರ ಹೆಸರು ಉಳಿಯಿತು.

ಇದೇ ಅವಧಿಯಲ್ಲಿ ಕಾನೂನೂ ಮನೆಯೊಳಗೆ ಪ್ರವೇಶಿಸಿತು. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ತಂದೆಯ ಪಾಲಿನಲ್ಲಿ ಮಗಳಿಗೆ ಅಂಶ ನೀಡಿತು. 1994ರ ಕರ್ನಾಟಕ ತಿದ್ದುಪಡಿಯು ಆ ವೇಳೆಗೆ ಮದುವೆಯಾಗಿರದ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತ ಆಸ್ತಿಯಲ್ಲಿ ಜನ್ಮಸಿದ್ಧ ಸಮಪಾಲನ್ನು ಕೊಟ್ಟಿತು. 2005ರ ಕೇಂದ್ರ ತಿದ್ದುಪಡಿ ವಿವಾಹಿತರನ್ನೂ ಒಳಗೊಂಡಿತು. ಆಗ ತಂದೆ ಜೀವಂತವಿರದಿದ್ದರೂ ಈ ಹಕ್ಕು ಸಲ್ಲುತ್ತದೆಂದು 2020ರಲ್ಲಿ ಸರ್ವೋಚ್ಚ ನ್ಯಾಯಾಲಯ ತೀರ್ಪಿತ್ತಿತು. ಆದರೆ ಕಾಗದದ ಹಕ್ಕಿಗೂ ರೂಢಿಗೂ ನಡುವೆ ಅಂತರವಿದೆ. ಪಾಲು ಕೇಳಿದರೆ ತವರಿನ ಬಾಗಿಲು ಮುಚ್ಚೀತೆಂಬ ಅಳುಕಿನಿಂದ ಹಕ್ಕುಬಿಡುಗಡೆ ಪತ್ರಕ್ಕೆ ಸಹಿ ಹಾಕುವ ಅಕ್ಕತಂಗಿಯರುಂಟು. ನೀರಾವರಿಯಿಂದ ಭೂಮಿಯ ಬೆಲೆ ಏರಿದೆಡೆ ಆ ಒಂದು ಸಹಿಯ ಬೆಲೆಯೂ ಏರಿದೆ.

ಒಲೆ ಬೇರೆಯಾದರೂ ಹಬ್ಬಗಳು ಬಳಗವನ್ನು ಕೂಡಿಸುತ್ತಲೇ ಇವೆ. ಎಳ್ಳ ಅಮಾವಾಸ್ಯೆಯಂದು ಸಜ್ಜೆರೊಟ್ಟಿ, ಶೇಂಗಾ ಹೋಳಿಗೆಗಳ ಬುತ್ತಿಯೊಂದಿಗೆ ಹೊಲಕ್ಕೆ ಹೋಗಿ ಚರಗ ಚೆಲ್ಲುವಾಗ ಬೇರೆಯಾದ ಅಣ್ಣತಮ್ಮಂದಿರೂ ಜೊತೆಯಾಗಿ ಉಣ್ಣುವುದುಂಟು. ಈ ಹೊಂದಾಣಿಕೆ ಮೆಚ್ಚತಕ್ಕದ್ದೇ. ಆದರೆ ಆ ಬುತ್ತಿಯನ್ನು ಕಟ್ಟಿದ ಹೆಣ್ಣುಮಗಳಿಗೆ ಆ ಹೊಲದಲ್ಲಿರುವ ಹಕ್ಕನ್ನು ತವರು ಮನಃಪೂರ್ವಕವಾಗಿ ಒಪ್ಪಬೇಕಾಗಿದೆ. ಉಡಿ ತುಂಬುವ ಸಂಪ್ರದಾಯವೂ ಪಾಲು ಕೊಡುವ ನ್ಯಾಯವೂ ಪರಸ್ಪರ ವಿರೋಧಿಗಳಲ್ಲವೆಂದು ಮನಗಂಡಾಗ ಮಾತ್ರ ಎಡದೊರೆ ನಾಡಿನ ಕುಟುಂಬದ ಸ್ಥಿತ್ಯಂತರ ಪೂರ್ಣಗೊಂಡಿತೆಂದು ಹೇಳಬಹುದು.