ತಂದೆಯ ಹಕ್ಕು, ನ್ಯಾಯಾಲಯದ ಆಜ್ಞೆ

ವೆಲ್ಲೆಸ್ಲಿ ಎಂಬ ಹೆಸರು ಮೈಸೂರಿಗರಿಗೆ ಹೊಸದಲ್ಲ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದಾಗ ಗವರ್ನರ್ ಜನರಲ್ ಆಗಿದ್ದವನು ರಿಚರ್ಡ್; ಮುತ್ತಿಗೆಯ ಸೇನೆಯಲ್ಲಿದ್ದವನು ಅವನ ತಮ್ಮ ಆರ್ಥರ್. ಇವರ ಇನ್ನೊಬ್ಬ ಸಹೋದರನ ಮಗನೇ ವಿಲಿಯಂ ಲಾಂಗ್ ವೆಲ್ಲೆಸ್ಲಿ. ಇವನ ಹೆಸರು ಉಳಿದಿರುವುದು ಮಾತ್ರ ನ್ಯಾಯಾಲಯದ ಕಡತಗಳಲ್ಲಿ.

ಪತ್ನಿ ಕ್ಯಾಥರೀನ್ ತಂದ ಅಪಾರ ಐಶ್ವರ್ಯವನ್ನು ಈತ ಕರಗಿಸಿದ. ಪರಸ್ತ್ರೀಯ ಸಂಗಕ್ಕೆ ಬಿದ್ದ. ಆಕೆ 1825ರಲ್ಲಿ ತೀರಿಕೊಂಡಳು. ಮಕ್ಕಳ ಮೇಲೆ ತಂದೆಯ ಹಕ್ಕು ಪ್ರಶ್ನಾತೀತವೆಂದು ಇಂಗ್ಲೆಂಡ್ ನಂಬಿದ್ದ ಕಾಲವದು. ಆದರೂ 1827ರಲ್ಲಿ ಲಾರ್ಡ್ ಚಾನ್ಸಲರ್ ಎಲ್ಡನ್ ಮಕ್ಕಳನ್ನು ಅವನ ವಶಕ್ಕೆ ಕೊಡಲಿಲ್ಲ. ಮರುವರ್ಷ ಲಾರ್ಡ್ಸ್ ಸಭೆ ಆ ತೀರ್ಪನ್ನು ಎತ್ತಿಹಿಡಿಯಿತು.

1831ರ ಜುಲೈನಲ್ಲಿ ವೆಲ್ಲೆಸ್ಲಿ ಆಜ್ಞೆಯನ್ನು ಮೀರಿ 13 ವರ್ಷದ ಮಗಳನ್ನು ಚಿಕ್ಕಮ್ಮಂದಿರ ಆಶ್ರಯದಿಂದ ಕೊಂಡೊಯ್ದ. ಆಗಿನ ಚಾನ್ಸಲರ್ ಬ್ರೂಮ್ ನ್ಯಾಯಾಲಯ ನಿಂದನೆಗಾಗಿ ಅವನನ್ನು ಫ್ಲೀಟ್ ಸೆರೆಮನೆಗೆ ಕಳುಹಿಸಲು ಆಜ್ಞಾಪಿಸಿದ. ತಾನು ಪಾರ್ಲಿಮೆಂಟಿನ ಸದಸ್ಯ, ತನ್ನನ್ನು ಬಂಧಿಸುವಂತಿಲ್ಲ ಎಂಬುದು ವೆಲ್ಲೆಸ್ಲಿಯ ವಾದ. ಬ್ರೂಮ್ ಒಪ್ಪಲಿಲ್ಲ, ಕಾಮನ್ಸ್ ಸಭೆಯ ಹಕ್ಕುಬಾಧ್ಯತಾ ಸಮಿತಿಯೂ ಅವನ ಕೈಹಿಡಿಯಲಿಲ್ಲ.

ನ್ಯಾಯಾಲಯ ನಿಂದನೆಯೆಂದರೆ ನ್ಯಾಯಾಧೀಶರ ಮಾನಾಪಮಾನದ ಮಾತೆಂದು ನಾವು ಭಾವಿಸುವುದುಂಟು. ಇಲ್ಲಿ ಪಣವಾಗಿದ್ದುದು ಒಂದು ಮಗುವಿನ ಕ್ಷೇಮ. ನಮ್ಮ 1971ರ ಕಾಯಿದೆಯೂ ಬೇಕೆಂದೇ ಆಜ್ಞೆ ಮೀರಿದವರಿಗೆ 6 ತಿಂಗಳವರೆಗಿನ ಸಜೆಯನ್ನು ವಿಧಿಸಬಹುದೆನ್ನುತ್ತದೆ. ಸೆರೆಮನೆಯ ಭಯ ಹಟಮಾರಿ ತಂದೆತಾಯಿಯರನ್ನು ಬಗ್ಗಿಸೀತು; ಒಡೆದ ಮನೆಯನ್ನು ಕೂಡಿಸುವ ಶಕ್ತಿ ಮಾತ್ರ ಯಾವ ಆಜ್ಞೆಗೂ ಇಲ್ಲ.